ಹದಿಹರೆಯದವರ ಫೋನಿನೊಳಗೆ ಬೆಳೆಯುವ ‘ನಾನು’: ಮನೆಯ ಹಿರಿಯರಿಗೊಂದು ಕೈಪಿಡಿ

ನನ್ನ ಅಕ್ಕನ ಮಗಳಿಗೆ ಆಗ ಹದಿನಾಲ್ಕು ವರ್ಷ. ಒಂದು ರಾತ್ರಿ ಅವಳು ನನ್ನ ಪಕ್ಕದಲ್ಲೇ ಕುಳಿತು ಇನ್‌ಸ್ಟಾಗ್ರಾಮಿಗೆ ತನ್ನದೊಂದು ಫೋಟೊ ಹಾಕಿದಳು. ಅದಕ್ಕೂ ಮೊದಲು ಮೂವತ್ತಕ್ಕೂ ಹೆಚ್ಚು ಬಾರಿ ಕ್ಲಿಕ್ಕಿಸಿ, ಅವುಗಳಲ್ಲಿ ಒಂದನ್ನು ಆರಿಸಿ, ಬೆಳಕು ತಿದ್ದಿ, ಇಬ್ಬರು ಗೆಳತಿಯರಿಗೆ ಕಳಿಸಿ ಒಪ್ಪಿಗೆ ಪಡೆದಿದ್ದಳು. ಹಾಕಿದ ಮೇಲೆ ಫೋನನ್ನು ಕವುಚಿಟ್ಟಳು. ಅರ್ಧ ನಿಮಿಷವೂ ಕಳೆದಿರಲಿಲ್ಲ, ಮತ್ತೆ ಎತ್ತಿ ನೋಡಿದಳು, ಮತ್ತೆ ಕವುಚಿಟ್ಟಳು. ಇಪ್ಪತ್ತು ನಿಮಿಷ ಹೀಗೇ ನಡೆಯಿತು. ಆಮೇಲೆ ಆ ಫೋಟೊವನ್ನು ಅಳಿಸಿಹಾಕಿದಳು. ಯಾಕೆಂದು ಕೇಳಿದಾಗ, “ಒಂಬತ್ತೇ ಲೈಕ್ ಬಂದಿದ್ದು ಚಿಕ್ಕಮ್ಮ, ಅದು ಎಲ್ಲರಿಗೂ ಕಾಣುತ್ತೆ,” ಎಂದಳು. “ಇಷ್ಟಕ್ಕೆಲ್ಲ ತಲೆ ಕೆಡಿಸಿಕೊಳ್ತಾರಾ?” ಎಂದುಬಿಟ್ಟೆ. ಅದಾದ ಮೇಲೆ ಬಹಳ ದಿನಗಳವರೆಗೆ ಅವಳು ಫೋನಿನ ಮಾತನ್ನು ನನ್ನೆದುರು ಎತ್ತಲೇ ಇಲ್ಲ.

ಸಮಾಧಾನಪಡಿಸಲೆಂದು ಆಡಿದ ನನ್ನ ಮಾತು ಅವಳ ಪ್ರಶ್ನೆಯನ್ನೇ ಕ್ಷುಲ್ಲಕ ಮಾಡಿತ್ತು ಎಂಬುದು ನನಗೆ ಹೊಳೆಯಲು ಸಮಯ ಹಿಡಿಯಿತು. ‘ನಾನು ಇರುವಂತೆ ಇದ್ದರೆ ನನ್ನ ಓರಗೆಯವರಿಗೆ ಒಪ್ಪಿಗೆಯಾಗುತ್ತೇನೆಯೇ?’ ಎಂದು ಅವಳು ಆ ಫೋಟೊದ ಮೂಲಕ ಕೇಳುತ್ತಿದ್ದಳು. ಮಕ್ಕಳು ಎಷ್ಟು ಗಂಟೆ ಫೋನ್ ನೋಡುತ್ತಾರೆ ಎಂಬುದನ್ನು ಎಣಿಸುವುದಕ್ಕೆ ಮೊದಲು, ಆ ಫೋನು ಅವರ ಇಂಥ ಪ್ರಶ್ನೆಗಳಿಗೆ ಯಾವ ಉತ್ತರ ಕೊಡುತ್ತಿದೆ ಎಂಬುದನ್ನು ನಾವು ತಿಳಿದುಕೊಳ್ಳಬೇಕು ಎನ್ನುವುದು ಈ ಬರಹದ ನಿಲುವು. ಮುಂದೆ ಹೇಳಿರುವ ಕೆಲಸಗಳೆಲ್ಲ ಈ ನಿಲುವಿನಿಂದ ಹುಟ್ಟಿದವು.

ಈ ವಯಸ್ಸಿನಲ್ಲಿ ನಡೆಯುತ್ತಿರುವುದು ಏನು

ಹದಿಹರೆಯದ ಮುಖ್ಯ ಕೆಲಸವೇ ತಾನು ಯಾರೆಂದು ಕಂಡುಕೊಳ್ಳುವುದು ಎಂದು ಮನೋವಿಜ್ಞಾನಿ ಎರಿಕ್ ಎರಿಕ್‌ಸನ್ ಇಪ್ಪತ್ತನೇ ಶತಮಾನದ ನಡುಭಾಗದಲ್ಲೇ ವಿವರಿಸಿದ್ದರು. ಈ ವಯಸ್ಸಿನವರು ಒಂದು ವೇಷ ತೊಟ್ಟು ನೋಡುತ್ತಾರೆ, ಹಿಡಿಸದಿದ್ದರೆ ಕಳಚಿ ಇನ್ನೊಂದನ್ನು ತೊಡುತ್ತಾರೆ. ಮಾತಿನ ಧಾಟಿ, ಬಟ್ಟೆ, ಮೆಚ್ಚಿನ ಹಾಡು, ನಂಬಿಕೆ ಎಲ್ಲವೂ ಈ ಪ್ರಯೋಗದ ಭಾಗ. ಹಿಂದೆಲ್ಲ ಈ ಪ್ರಯೋಗವನ್ನು ನೋಡುತ್ತಿದ್ದವರು ಹತ್ತಿಪ್ಪತ್ತು ಜನ, ಅವರೂ ಬೇಗ ಮರೆತುಬಿಡುತ್ತಿದ್ದರು. ಈಗ ನೋಡುವವರು ನೂರಾರು ಜನ, ಅವರ ಮೆಚ್ಚುಗೆಗೆ ಅಂಕಿಯ ರೂಪವಿದೆ, ಆ ಅಂಕಿ ಎಲ್ಲರಿಗೂ ಕಾಣುತ್ತದೆ ಮತ್ತು ಹಳೆಯ ವೇಷದ ಸ್ಕ್ರೀನ್‌ಶಾಟ್ ಯಾರದೋ ಫೋನಿನಲ್ಲಿ ಉಳಿದಿರುತ್ತದೆ.

ಮನುಷ್ಯರು ತಮ್ಮನ್ನು ಅಳೆದುಕೊಳ್ಳುವುದು ಇತರರೊಂದಿಗೆ ಹೋಲಿಸಿಕೊಂಡೇ ಎಂದು ಮನೋವಿಜ್ಞಾನಿ ಲಿಯಾನ್ ಫೆಸ್ಟಿಂಗರ್ 1954ರಲ್ಲಿ ಪ್ರತಿಪಾದಿಸಿದರು. ಹೋಲಿಕೆ ಹೊಸದಲ್ಲ, ಹೋಲಿಕೆಗೆ ಸಿಗುವ ಸರಕು ಹೊಸದು: ಆರಿಸಿ, ತಿದ್ದಿ, ಫಿಲ್ಟರ್ ಹಚ್ಚಿದ ಇತರರ ಅತ್ಯುತ್ತಮ ಕ್ಷಣಗಳನ್ನು ತನ್ನ ಸಾಧಾರಣ ದಿನದ ಪಕ್ಕದಲ್ಲಿಟ್ಟು ನೋಡುವ ಹುಡುಗನಿಗೆ ಅಥವಾ ಹುಡುಗಿಗೆ ಪ್ರತಿಬಾರಿಯೂ ತನ್ನ ಪಾಲು ಕಡಿಮೆಯಾಗಿಯೇ ಕಾಣುತ್ತದೆ. ಇದಕ್ಕೆ ಮಿದುಳಿನ ಬೆಳವಣಿಗೆಯೂ ಜೊತೆಗೂಡುತ್ತದೆ. ಮೆಚ್ಚುಗೆ, ಬಹುಮಾನಗಳಿಗೆ ಸ್ಪಂದಿಸುವ ಭಾಗಗಳು ಈ ವಯಸ್ಸಿನಲ್ಲಿ ತೀವ್ರವಾಗಿ ಕೆಲಸ ಮಾಡುತ್ತವೆ. ತಡೆದು ಯೋಚಿಸುವ ಮುಂಭಾಗ ಮಾತ್ರ ಇಪ್ಪತ್ತು ದಾಟಿದ ಮೇಲೂ ಬಲಿಯುತ್ತಲೇ ಇರುತ್ತದೆ. 2016ರಲ್ಲಿ ಅಮೆರಿಕದ ಸಂಶೋಧಕರು ಹದಿಹರೆಯದವರಿಗೆ ಮಿದುಳಿನ ಸ್ಕ್ಯಾನರ್ ಒಳಗೆ ಫೋಟೊಗಳನ್ನು ತೋರಿಸಿದಾಗ, ಹೆಚ್ಚು ಲೈಕ್ ಇದ್ದ ಫೋಟೊಗಳನ್ನೇ ಅವರು ತಾವೂ ಹೆಚ್ಚು ಮೆಚ್ಚಿದರು, ತಮ್ಮದೇ ಫೋಟೊಗೆ ಹೆಚ್ಚು ಲೈಕ್ ಕಂಡಾಗ ಮಿದುಳಿನ ಬಹುಮಾನ ಕೇಂದ್ರ ಹೆಚ್ಚು ಚುರುಕಾಯಿತು. ಆ ಒಂಬತ್ತು ಲೈಕುಗಳು ನನ್ನ ಅಕ್ಕನ ಮಗಳನ್ನು ಯಾಕೆ ಅಷ್ಟು ಕಲಕಿದವು ಎಂಬುದು ಇಲ್ಲಿಂದ ಅರ್ಥವಾಗುತ್ತದೆ.

ಭಯವನ್ನು ಅದರ ಅಳತೆಯಲ್ಲಿ ಇಡುವುದು

ಕೆಲಸಕ್ಕೆ ಇಳಿಯುವ ಮೊದಲು ಹಿರಿಯರು ತಮ್ಮ ಆತಂಕವನ್ನು ಒಂದು ಹದಕ್ಕೆ ತಂದುಕೊಳ್ಳಬೇಕು, ಏಕೆಂದರೆ ಹೆದರಿದವರ ಮಾತು ಮಕ್ಕಳಿಗೆ ಗದರಿಕೆಯಾಗಿಯೇ ಕೇಳಿಸುತ್ತದೆ. ಈ ವಿಷಯದಲ್ಲಿ ಸಂಶೋಧನೆಗಳು ಒಂದೇ ದಿಕ್ಕಿಗೆ ಬೊಟ್ಟು ಮಾಡುವುದಿಲ್ಲ. ಅಮೆರಿಕದ ಸರ್ಜನ್ ಜನರಲ್ (ಸಾರ್ವಜನಿಕ ಆರೋಗ್ಯದ ಉನ್ನತ ಸರ್ಕಾರಿ ವೈದ್ಯಾಧಿಕಾರಿ) 2023ರಲ್ಲಿ ಹೊರಡಿಸಿದ ಎಚ್ಚರಿಕೆಯ ಪ್ರಕಾರ, ದಿನಕ್ಕೆ 3 ಗಂಟೆಗಿಂತ ಹೆಚ್ಚು ಹೊತ್ತು ಸಾಮಾಜಿಕ ಜಾಲತಾಣಗಳಲ್ಲಿ ಕಳೆಯುವ ಹದಿಹರೆಯದವರಲ್ಲಿ ಖಿನ್ನತೆ ಮತ್ತು ಆತಂಕದ ಲಕ್ಷಣಗಳ ಅಪಾಯ ಎರಡು ಪಟ್ಟು ಇದೆ. ಇನ್ನೊಂದೆಡೆ, 2019ರಲ್ಲಿ ಸಂಶೋಧಕರಾದ ಏಮಿ ಓರ್ಬೆನ್ ಮತ್ತು ಆಂಡ್ರ್ಯೂ ಶಿಬಿಲ್‌ಸ್ಕಿ ಲಕ್ಷಾಂತರ ಹದಿಹರೆಯದವರ ಮಾಹಿತಿಯನ್ನು ಪರಿಶೀಲಿಸಿ, ಅವರ ಕ್ಷೇಮದಲ್ಲಿ ಕಾಣುವ ವ್ಯತ್ಯಾಸದ ಹೆಚ್ಚೆಂದರೆ 0.4 ಶೇಕಡಾ ಭಾಗವನ್ನಷ್ಟೇ ಡಿಜಿಟಲ್ ಬಳಕೆಯಿಂದ ವಿವರಿಸಬಹುದು ಎಂದರು. ಸರಾಸರಿಯಲ್ಲಿ ಚಿಕ್ಕದಾಗಿ ಕಾಣುವ ಪರಿಣಾಮ ಒಂದು ನಿರ್ದಿಷ್ಟ ಮಗುವಿನ ಮೇಲೆ ಬಹಳ ದೊಡ್ಡದಾಗಿರಬಹುದು, ಇನ್ನೊಂದು ಮಗುವಿಗೆ ತಟ್ಟದೆಯೇ ಹೋಗಬಹುದು. 2022ರಲ್ಲಿ ಬ್ರಿಟನ್ನಿನ ಮಾಹಿತಿಯ ಮೇಲೆ ನಡೆದ ಮತ್ತೊಂದು ಅಧ್ಯಯನವು ಹುಡುಗಿಯರಲ್ಲಿ 11ರಿಂದ 13, ಹುಡುಗರಲ್ಲಿ 14 ಮತ್ತು 15, ಇಬ್ಬರಲ್ಲೂ ಮತ್ತೆ 19ರ ಆಸುಪಾಸು ಹೆಚ್ಚು ಸೂಕ್ಷ್ಮವಾದ ವಯಸ್ಸು ಎಂದು ಗುರುತಿಸಿತು. ಆದ್ದರಿಂದ ಪಕ್ಕದ ಮನೆಯ ಮಗುವಿಗೆ ಹೊಂದಿದ ನಿಯಮ ನಿಮ್ಮ ಮಗುವಿಗೂ ಹೊಂದುತ್ತದೆ ಎಂದುಕೊಳ್ಳಬೇಡಿ.

ಮೊದಲು ಗಮನಿಸುವುದು

ಒಂದು ವಾರ ಯಾವ ನಿಯಮವನ್ನೂ ತರಬೇಡಿ, ಸುಮ್ಮನೆ ನೋಡಿ. ಫೋನನ್ನು ಕದ್ದು ತೆರೆಯುವುದನ್ನು ನಾನು ಇಲ್ಲಿ ಹೇಳುತ್ತಿಲ್ಲ. ಜೀವಕ್ಕೆ ಅಪಾಯವಿದೆ ಎಂಬ ಬಲವಾದ ಶಂಕೆ ಇಲ್ಲದಿದ್ದಾಗ ಅದು ನಂಬಿಕೆಯನ್ನು ಕೆಡಿಸುತ್ತದೆ, ಮತ್ತು ಒಮ್ಮೆ ಸಿಕ್ಕಿಬಿದ್ದ ಮೇಲೆ ಮಗು ಎರಡನೆಯ ಖಾತೆ ತೆರೆದು ಅಲ್ಲಿಗೆ ಸರಿದುಹೋಗುತ್ತದೆ. ನೋಡಬೇಕಾದದ್ದು ಮುಖವನ್ನು. ಫೋನ್ ಕೈಗೆತ್ತಿಕೊಳ್ಳುವ ಮೊದಲು ಮಗುವಿನ ಮನಸ್ಥಿತಿ ಹೇಗಿತ್ತು, ಕೆಳಗಿಟ್ಟ ಮೇಲೆ ಹೇಗಿದೆ? ಬೇಸರದಿಂದ ಎತ್ತಿಕೊಂಡು ನಗುತ್ತಾ ಬಂದು ಏನನ್ನೋ ಹೇಳಿತೇ, ಅಥವಾ ಚೆನ್ನಾಗಿದ್ದ ಮಗು ಸಪ್ಪಗಾಗಿ ಎದ್ದು ಹೋಯಿತೇ? ಗೆಳೆಯರೊಡನೆ ಹರಟುವುದು, ತಾನೇ ವಿಡಿಯೊ ಮಾಡುವುದು, ಏನನ್ನಾದರೂ ಕಲಿಯುವುದು ಒಂದು ಬಗೆಯ ಬಳಕೆ. ಸುಮ್ಮನೆ ಸ್ಕ್ರಾಲ್ ಮಾಡುತ್ತಾ ಇತರರ ಬದುಕನ್ನು ನೋಡುತ್ತಿರುವುದು ಇನ್ನೊಂದು ಬಗೆ. ಎರಡನ್ನೂ ಒಂದೇ ‘ಸ್ಕ್ರೀನ್ ಟೈಮ್’ ಲೆಕ್ಕಕ್ಕೆ ಸೇರಿಸಿದರೆ ಮಗುವಿಗೆ ಅನ್ಯಾಯವಾಗುತ್ತದೆ.

ಇದೇ ವಾರ ನಿಮ್ಮ ಫೋನನ್ನೂ ಗಮನಿಸಿಕೊಳ್ಳಿ. ಮಗು ಮಾತನಾಡಲು ಬಂದಾಗ ನಿಮ್ಮ ಕಣ್ಣು ಪರದೆಯ ಮೇಲಿದ್ದರೆ, ಮುಂದೆ ನೀವು ಹೇಳುವ ಯಾವ ನಿಯಮಕ್ಕೂ ತೂಕವಿರುವುದಿಲ್ಲ.

ಫೀಡನ್ನು ಪಕ್ಕದಲ್ಲಿ ಕುಳಿತು ನೋಡುವುದು

ಫೀಡ್ ಎಂದರೆ ಆ್ಯಪ್ ತೆರೆದಾಗ ಒಂದರ ಹಿಂದೊಂದು ಬರುವ ಪೋಸ್ಟ್, ವಿಡಿಯೊಗಳ ಸಾಲು. ನನಗೆ ಅತಿ ಹೆಚ್ಚು ಫಲ ಕೊಟ್ಟ ಕೆಲಸ ಇದು, ಹಾಗಾಗಿ ತುಸು ವಿಸ್ತಾರವಾಗಿಯೇ ಹೇಳುತ್ತೇನೆ. ಮೊದಲು ಕ್ಷಮೆ ಕೇಳಬೇಕಾಯಿತು. “ಅವತ್ತು ನಿನ್ನ ಫೋಟೊ ವಿಷಯಕ್ಕೆ ನಾನು ಹಾಗೆ ಅನ್ನಬಾರದಿತ್ತು. ನಿನಗೆ ಏನೇನು ಬರುತ್ತೆ ಅಂತ ನನಗೂ ತೋರಿಸ್ತೀಯಾ?” ಎಂದು ಕೇಳಿದೆ. ಅವಳು ಕ್ಷಣಕಾಲ ಅನುಮಾನಿಸಿ, “ಬೈಯಲ್ಲ ಅಂದ್ರೆ ತೋರಿಸ್ತೀನಿ,” ಎಂದಳು. ಕಾಲು ಗಂಟೆ ಇಬ್ಬರೂ ರೀಲ್ಸ್ ನೋಡಿದೆವು, ನಾನು ಒಂದು ಮಾತೂ ಆಡಲಿಲ್ಲ. ಬೆಕ್ಕು, ಚಿತ್ರ ಬಿಡಿಸುವುದು, ಹಾಸ್ಯ; ನಾಲ್ಕೈದು ವಿಡಿಯೊಗಳಿಗೊಮ್ಮೆ ಮಾತ್ರ ತಪ್ಪದೆ ಸೊಂಟ ಸಣ್ಣ ಮಾಡುವ ವ್ಯಾಯಾಮ, ‘ನಾನು ಒಂದು ದಿನದಲ್ಲಿ ಏನು ತಿನ್ನುತ್ತೇನೆ’ ಎಂಬ ತೆಳ್ಳನೆಯ ಹುಡುಗಿ, ಮುಖದ ಕಲೆ ತೆಗೆಯುವ ಕ್ರೀಮು. ಅವು ಬಂದಾಗ ಅವಳ ಹೆಬ್ಬೆರಳು ತುಸು ನಿಧಾನವಾಗುತ್ತಿತ್ತು. ಅವಳು ಅವಕ್ಕೆ ಲೈಕ್ ಒತ್ತಿರಲಿಲ್ಲ, ಹುಡುಕಿಯೂ ಇರಲಿಲ್ಲ. ಆ ನಿಧಾನವೇ ಅಲ್ಗಾರಿದಮ್‌ಗೆ, ಅಂದರೆ ಏನನ್ನು ತೋರಿಸಬೇಕೆಂದು ಆರಿಸುವ ಆ್ಯಪಿನ ಲೆಕ್ಕಾಚಾರಕ್ಕೆ, ಸಾಕು. ಯಾವ ವಿಡಿಯೊದ ಮೇಲೆ ಎಷ್ಟು ಹೊತ್ತು ನಿಂತಿರಿ, ಯಾವುದನ್ನು ಮತ್ತೆ ನೋಡಿದಿರಿ ಎಂಬುದರಿಂದ ಅದು ಮುಂದಿನದನ್ನು ಆರಿಸುತ್ತದೆ. ಇಷ್ಟಪಟ್ಟು ನಿಂತದ್ದೋ ನೋವಿನಿಂದ ನಿಂತದ್ದೋ ಎಂಬುದು ಅದರ ಎಣಿಕೆಯಲ್ಲಿ ಇಲ್ಲ.

ಇದನ್ನು ಅವಳಿಗೆ ತೋರಿಸಿದಾಗ ಅವಳ ಮುಖದಲ್ಲಿ ಬಂದ ಬದಲಾವಣೆ ನನಗೆ ಇನ್ನೂ ನೆನಪಿದೆ. “ಹಾಗಾದ್ರೆ ನನ್ನ ದೇಹ ಸರಿಯಿಲ್ಲ ಅಂತ ಇದು ಬರ್ತಿಲ್ವಾ?” ಎಂದಳು. ಆ ವಿಡಿಯೊಗಳು ತನ್ನ ಕೊರತೆಯನ್ನು ಕಂಡುಹಿಡಿದೇ ಬರುತ್ತಿವೆ ಎಂದು ಅವಳು ನಂಬಿದ್ದಳು. ನಿಮ್ಮ ಮನೆಯ ಮಗುವೂ ಹೀಗೆಯೇ ನಂಬಿರಬಹುದು, ಕೇಳಿ ನೋಡಿ.

ಅಲ್ಲಿಂದ ಮುಂದಿನದು ಕೈಕೆಲಸ. ನೋವು ಕೊಡುವ ಪ್ರತಿ ವಿಡಿಯೊವನ್ನು ಒತ್ತಿ ಹಿಡಿದು ‘ನಾಟ್ ಇಂಟರೆಸ್ಟೆಡ್’ ಆರಿಸಬೇಕು. ನೋಡಿದ ಮೇಲೆ ತನ್ನ ಬಗ್ಗೆಯೇ ಕೀಳಾಗಿ ಅನಿಸುವಂತೆ ಮಾಡುವ ಖಾತೆಗಳನ್ನು ಅನ್‌ಫಾಲೋ ಮಾಡಬೇಕು. ಗೆಳತಿಯ ಖಾತೆಯಾದರೆ, ಅವಳಿಗೆ ತಿಳಿಯದಂತೆ ‘ಮ್ಯೂಟ್’ ಮಾಡಬಹುದು. ಫೀಡ್ ತೀರಾ ಕೆಟ್ಟಿದ್ದರೆ ಟಿಕ್‌ಟಾಕ್ ಮತ್ತು ಇನ್‌ಸ್ಟಾಗ್ರಾಮ್‌ಗಳಲ್ಲಿ ಶಿಫಾರಸುಗಳನ್ನು ಪೂರ್ತಿ ಅಳಿಸಿ ಹೊಸದಾಗಿ ಆರಂಭಿಸುವ ಆಯ್ಕೆ ಇದೆ, ಯೂಟ್ಯೂಬಿನಲ್ಲಿ ನೋಡಿದ ವಿಡಿಯೊಗಳ ಇತಿಹಾಸವನ್ನು ಅಳಿಸಿ ನಿಲ್ಲಿಸಬಹುದು. ಲೈಕುಗಳ ಸಂಖ್ಯೆಯನ್ನು ಮರೆಮಾಡುವ ಆಯ್ಕೆ 2021ರಿಂದ ಇನ್‌ಸ್ಟಾಗ್ರಾಮ್ ಮತ್ತು ಫೇಸ್‌ಬುಕ್‌ಗಳಲ್ಲಿ ಇದೆ. ಅದನ್ನು ತಿಳಿಸಿ, ಬಳಸುವುದೋ ಬೇಡವೋ ಎಂಬ ತೀರ್ಮಾನವನ್ನು ಮಗುವಿಗೇ ಬಿಡಿ. ಈ ಗುಂಡಿಗಳನ್ನೆಲ್ಲ ಒತ್ತಬೇಕಾದ ಬೆರಳು ಮಗುವಿನದೇ ಆಗಿರಬೇಕು. ತನಗೆ ಏನು ಕಾಣಬೇಕೆಂದು ತಾನೇ ಆರಿಸುವ ಅಭ್ಯಾಸ ನಿಮ್ಮ ನಿಗಾ ಇಲ್ಲದ ಕಡೆಯೂ ಮಗುವಿನ ಜೊತೆಗೆ ಹೋಗುತ್ತದೆ.

ಒಂದು ಎಚ್ಚರಿಕೆ. ಇದನ್ನು ಒಮ್ಮೆ ಮಾಡಿ ಮುಗಿಸಿದೆವು ಎನ್ನುವಂತಿಲ್ಲ, ಹಳೆಯ ಸರಕು ವಾರಗಳಲ್ಲಿ ಮೆಲ್ಲಗೆ ಮರಳಿ ಬರುತ್ತದೆ.

ಸಿನಿಮಾ, ಧಾರಾವಾಹಿ, ಗೇಮ್, ಮೆಚ್ಚಿನ ತಾರೆ

ಜಾಲತಾಣಗಳನ್ನೇ ದೂರುವ ಭರದಲ್ಲಿ ಮನರಂಜನೆಯ ಪ್ರಭಾವವನ್ನು ನಾವು ಮರೆಯುತ್ತೇವೆ. ಪೆಸಿಫಿಕ್ ದ್ವೀಪರಾಷ್ಟ್ರ ಫಿಜಿಯ ಒಂದು ಪ್ರಾಂತ್ಯಕ್ಕೆ ದೂರದರ್ಶನ ಬಂದದ್ದು 1995ರಲ್ಲಿ. ಮೈತುಂಬಿಕೊಂಡ ದೇಹವನ್ನೇ ಚೆಂದವೆಂದು ಮೆಚ್ಚುತ್ತಿದ್ದ ಆ ಸಮಾಜದ ಶಾಲಾ ಬಾಲಕಿಯರನ್ನು ಸಂಶೋಧಕಿ ಆನ್ ಬೆಕರ್ ಮತ್ತು ಅವರ ಸಹೋದ್ಯೋಗಿಗಳು ಆ ವರ್ಷವೂ ಮೂರು ವರ್ಷಗಳ ನಂತರವೂ ಅಧ್ಯಯನ ಮಾಡಿದರು. ಆಹಾರದ ಬಗ್ಗೆ ಅಸ್ವಸ್ಥ ಮನೋಭಾವ ತೋರಿದವರ ಪ್ರಮಾಣ 12.7 ಶೇಕಡಾದಿಂದ 29.2 ಶೇಕಡಾಕ್ಕೆ ಏರಿತ್ತು. ತೂಕ ಇಳಿಸಲೆಂದು ವಾಂತಿ ಮಾಡಿಕೊಳ್ಳುವವರು 1995ರಲ್ಲಿ ಒಬ್ಬರೂ ಇರಲಿಲ್ಲ, 1998ರಲ್ಲಿ 11.3 ಶೇಕಡಾ ಇದ್ದರು. ಅಂದು ಫೋನೂ ಇರಲಿಲ್ಲ, ಲೈಕೂ ಇರಲಿಲ್ಲ. ಪರದೆಯ ಮೇಲಿನ ಪಾತ್ರಗಳಷ್ಟೇ ಇದ್ದವು.

ಪರದೆಯ ಮೇಲಿನ ವ್ಯಕ್ತಿಯನ್ನು ಆಪ್ತನೆಂದೇ ಭಾವಿಸುವ ಒಮ್ಮುಖ ನಂಟನ್ನು ಸಂಶೋಧಕರು 1956ರಲ್ಲೇ ಗುರುತಿಸಿದ್ದರು. ಇಂದು ತಾರೆಯರೂ ಇನ್‌ಫ್ಲುಯೆನ್ಸರ್‌ಗಳೂ ಮಲಗುವ ಕೋಣೆಯಿಂದಲೇ ಮಾತನಾಡುವುದರಿಂದ ಆ ನಂಟು ಇನ್ನಷ್ಟು ಗಾಢವಾಗಿದೆ. ಆದುದರಿಂದ ಮಗುವಿನ ಮೆಚ್ಚಿನ ಗಾಯಕನನ್ನೋ ಗೇಮರನ್ನೋ ಹಗುರವಾಗಿ ಆಡಿಕೊಂಡರೆ, ಅದು ಮಗುವಿಗೆ ತನ್ನನ್ನೇ ಆಡಿಕೊಂಡಂತೆ ತಟ್ಟುತ್ತದೆ. ಬದಲಿಗೆ ಒಂದು ಸಂಚಿಕೆ ಜೊತೆಗೆ ಕುಳಿತು ನೋಡಿ, ಆಮೇಲೆ ಕೇಳಿ: ಈ ಪಾತ್ರದಲ್ಲಿ ನಿನಗೆ ಹಿಡಿಸಿದ್ದು ಏನು? ಅವನ ಜಾಗದಲ್ಲಿ ನೀನಿದ್ದರೆ ಏನು ಮಾಡುತ್ತಿದ್ದೆ? ಇವರು ಈ ವಿಡಿಯೊದಲ್ಲಿ ಏನನ್ನಾದರೂ ಮಾರುತ್ತಿದ್ದಾರೆಯೇ? ಧೈರ್ಯ, ಹಾಸ್ಯ, ಗೆಳೆತನ, ತನ್ನಂತೆಯೇ ಒಂಟಿಯಾಗಿದ್ದವನೊಬ್ಬ ಗೆದ್ದದ್ದು, ಹೀಗೆ ಮಗು ಹೇಳುವ ಉತ್ತರದಲ್ಲಿ ಅದು ಯಾರಾಗಬಯಸುತ್ತಿದೆ ಎಂಬುದರ ಸುಳಿವು ಇರುತ್ತದೆ. ಸುತ್ತಲಿನವರಲ್ಲಿ ತನ್ನಂಥವರು ಒಬ್ಬರೂ ಕಾಣದ ಮಗುವಿಗೆ ಕತೆಯೊಂದರಲ್ಲೋ ಆನ್‌ಲೈನ್ ಗುಂಪಿನಲ್ಲೋ ತನ್ನವರು ಸಿಕ್ಕರೆ ಅದು ದೊಡ್ಡ ಆಸರೆ, ಅದನ್ನು ಕಿತ್ತುಕೊಳ್ಳುವ ಮುನ್ನ ಹತ್ತು ಬಾರಿ ಯೋಚಿಸಬೇಕು.

ಗೇಮುಗಳ ವಿಷಯದಲ್ಲೂ ಇದೇ ಅಳತೆ ಸಲ್ಲುತ್ತದೆ. ವಿಶ್ವ ಆರೋಗ್ಯ ಸಂಸ್ಥೆ ‘ಗೇಮಿಂಗ್ ಡಿಸಾರ್ಡರ್’ ಅನ್ನು ತನ್ನ ಕಾಯಿಲೆಗಳ ವರ್ಗೀಕರಣಕ್ಕೆ ಸೇರಿಸಿದೆ. ಆದರೆ ಆಟದ ಮೇಲಿನ ಹಿಡಿತ ತಪ್ಪಿ, ಉಳಿದೆಲ್ಲಕ್ಕಿಂತ ಆಟವೇ ಮೇಲಾಗಿ, ಹಾನಿ ಕಂಡರೂ ನಿಲ್ಲಿಸಲಾಗದ ಸ್ಥಿತಿ ಸಾಮಾನ್ಯವಾಗಿ 12 ತಿಂಗಳಾದರೂ ಇರಬೇಕು ಎನ್ನುತ್ತದೆ. ರಜೆಯಲ್ಲಿ ದಿನವಿಡೀ ಆಡಿದ ಹುಡುಗನಿಗೆ ಚಟ ಹಿಡಿದಿದೆ ಎಂದು ಹಣೆಪಟ್ಟಿ ಹಚ್ಚಬೇಡಿ.

ನಿದ್ರೆ

ಒಂದೇ ಒಂದು ಕಟ್ಟುನಿಟ್ಟಿನ ನಿಯಮ ತರುವುದಾದರೆ ಅದು ಇರುಳಿನದಾಗಿರಲಿ. 13ರಿಂದ 18ರ ವಯಸ್ಸಿನವರಿಗೆ 8ರಿಂದ 10 ಗಂಟೆ ನಿದ್ರೆ ಬೇಕು, ಮತ್ತು ಈ ವಯಸ್ಸಿನಲ್ಲಿ ದೇಹದ ಗಡಿಯಾರ ತಾನಾಗಿಯೇ ತಡರಾತ್ರಿಗೆ ಜರುಗುವುದರಿಂದ ಬೇಗ ಮಲಗುವುದು ಅವರಿಗೆ ನಿಜಕ್ಕೂ ಕಷ್ಟ. ಇದರ ಮೇಲೆ, ಎಷ್ಟು ಎಳೆದರೂ ತುದಿ ಬಾರದ ಫೀಡು ಹಾಗೂ ತಾನಾಗಿಯೇ ಶುರುವಾಗುವ ಮುಂದಿನ ಸಂಚಿಕೆ. ಎಲ್ಲರ ಫೋನುಗಳೂ ಮಲಗುವ ಕೋಣೆಯ ಹೊರಗೆ ಒಂದೇ ಕಡೆ ಚಾರ್ಜ್ ಆಗಲಿ, ಅಲಾರಮ್‌ಗೆ ಬೇರೆ ಗಡಿಯಾರ ಇರಲಿ, ಆಟೊಪ್ಲೇ ಮತ್ತು ರಾತ್ರಿಯ ನೋಟಿಫಿಕೇಶನ್ ಬಂದ್ ಆಗಿರಲಿ. ಸ್ನ್ಯಾಪ್‌ಚಾಟ್‌ನ ‘ಸ್ಟ್ರೀಕ್’ (ಇಬ್ಬರು ಗೆಳೆಯರು ದಿನವೂ ತಪ್ಪದೆ ಫೋಟೊ ಅಥವಾ ವಿಡಿಯೊ ಕಳಿಸಿಕೊಂಡ ದಿನಗಳ ಎಣಿಕೆ) ಮುರಿದುಬೀಳುತ್ತದೆ ಎಂದು ಮಗು ಗೋಗರೆದರೆ ನಗಬೇಡಿ. ಅವರ ನಡುವೆ ಅದು ಗೆಳೆತನದ ಪುರಾವೆ, ಮಲಗುವ ಮುನ್ನ ಕಳಿಸಲು ಐದು ನಿಮಿಷ ಕೊಡಿ.

ನಿಯಮಗಳು

ಹೆಚ್ಚಿನ ಜಾಲತಾಣಗಳು ಖಾತೆ ತೆರೆಯಲು 13 ವರ್ಷವನ್ನು ಕನಿಷ್ಠ ವಯಸ್ಸು ಎಂದು ಇಟ್ಟುಕೊಂಡಿವೆ. ಇದರ ಮೂಲ ಮಕ್ಕಳ ಮಾಹಿತಿ ಸಂಗ್ರಹವನ್ನು ನಿರ್ಬಂಧಿಸುವ 1998ರ ಅಮೆರಿಕದ ಕಾಯ್ದೆಯಲ್ಲಿದೆ. 13ಕ್ಕೆ ಮನಸ್ಸು ಸಿದ್ಧವಾಗಿರುತ್ತದೆ ಎಂದು ಯಾರೂ ಅಳೆದು ಹೇಳಿದ್ದಲ್ಲ. ಆಸ್ಟ್ರೇಲಿಯಾ 2024ರಲ್ಲಿ ಕಾನೂನು ಮಾಡಿ, 2025ರ ಡಿಸೆಂಬರ್ 10ರಿಂದ 16 ವರ್ಷದೊಳಗಿನವರು ಪ್ರಮುಖ ಜಾಲತಾಣಗಳಲ್ಲಿ ಖಾತೆ ಹೊಂದದಂತೆ ತಡೆದಿದೆ. ಕಾನೂನು ಏನೇ ಇರಲಿ, ಮನೆಯ ಒಪ್ಪಂದವನ್ನು ಮಗುವಿನೊಡನೆ ಕುಳಿತೇ ಬರೆಯಿರಿ, ಹಿರಿಯರಿಗೂ ಅನ್ವಯಿಸುವ ಸಾಲುಗಳು ಅದರಲ್ಲಿರಲಿ. ಶಿಕ್ಷೆಯಾಗಿ ಫೋನ್ ಕಿತ್ತುಕೊಳ್ಳುವುದನ್ನು ಮಾತ್ರ ಆದಷ್ಟು ತಪ್ಪಿಸಿ, ಏಕೆಂದರೆ ಫೋನ್ ಹೋಗುತ್ತದೆ ಎಂಬ ಭಯವಿರುವ ಮಗು ನಿಜವಾದ ಕಷ್ಟ ಬಂದಾಗ ನಿಮ್ಮ ಬಳಿಗೆ ಬರುವುದಿಲ್ಲ.

ಆ ನಿಜವಾದ ಕಷ್ಟಗಳಲ್ಲಿ ಒಂದನ್ನು ಬಿಡಿಸಿ ಹೇಳಲೇಬೇಕು. ಯಾರಾದರೂ ಮಗುವಿನ ಖಾಸಗಿ ಚಿತ್ರವನ್ನು ಇಟ್ಟುಕೊಂಡು ಬೆದರಿಸಿದರೆ ಹಣ ಕೊಡಬಾರದು, ಮಾತು ಮುಂದುವರಿಸಬಾರದು, ಸಂದೇಶಗಳನ್ನು ಅಳಿಸಬಾರದು; ಸ್ಕ್ರೀನ್‌ಶಾಟ್ ತೆಗೆದಿಟ್ಟು, ಖಾತೆಯನ್ನು ರಿಪೋರ್ಟ್ ಮಾಡಿ, ಬ್ಲಾಕ್ ಮಾಡಿ, ಪೊಲೀಸರಿಗೆ ದೂರು ಕೊಡಬೇಕು. 18 ವರ್ಷದೊಳಗೆ ತೆಗೆದ ಇಂಥ ಚಿತ್ರಗಳು ಜಾಲತಾಣಗಳಲ್ಲಿ ಹರಡದಂತೆ ತಡೆಯಲು ‘ಟೇಕ್ ಇಟ್ ಡೌನ್’ ಎಂಬ ಉಚಿತ ಸೇವೆಯಿದೆ. ಅದಕ್ಕೆ ಚಿತ್ರವನ್ನು ಕಳಿಸಬೇಕಾಗಿಲ್ಲ, ಚಿತ್ರದ ಡಿಜಿಟಲ್ ಗುರುತು ಮಾತ್ರ ಹೋಗುತ್ತದೆ. ಇವೆಲ್ಲಕ್ಕೂ ಮೊದಲು ಮಗು ನಿಮ್ಮಿಂದ ಕೇಳಬೇಕಾದ ಮಾತು: “ನಿನ್ನದು ತಪ್ಪಲ್ಲ, ನಾವಿದ್ದೇವೆ.” ಈ ಮಾತನ್ನು ತೊಂದರೆ ಬರುವ ಮೊದಲೇ ಒಂದು ಸಾಮಾನ್ಯ ದಿನದಲ್ಲಿ ಹೇಳಿಟ್ಟಿರಿ.

ವೈದ್ಯರ ಬಳಿಗೆ ಹೋಗಬೇಕಾದಾಗ

ಎರಡು ವಾರಕ್ಕೂ ಮೀರಿ ಮಗು ಮಂಕಾಗಿದ್ದರೆ ಅಥವಾ ಸದಾ ಸಿಡುಕುತ್ತಿದ್ದರೆ, ಇಷ್ಟದ ಆಟ, ಗೆಳೆಯರು, ಹವ್ಯಾಸ ಎಲ್ಲದರಿಂದ ದೂರ ಸರಿದರೆ, ಊಟ ಬಿಡುವುದು ಅಥವಾ ಊಟವಾದ ಕೂಡಲೇ ಬಚ್ಚಲಿಗೆ ಹೋಗುವುದು ಕಂಡರೆ, ಸೆಕೆಯಲ್ಲೂ ಉದ್ದ ತೋಳಿನ ಬಟ್ಟೆಯಿಂದ ಕೈ ಮುಚ್ಚಿಕೊಳ್ಳುತ್ತಿದ್ದರೆ, ಫೋನಿನ ನಿಯಮಗಳನ್ನು ಬಿಗಿಗೊಳಿಸುತ್ತಾ ಕಾಲ ಕಳೆಯಬೇಡಿ. ಆಪ್ತಸಮಾಲೋಚಕರನ್ನೋ ಮನೋವೈದ್ಯರನ್ನೋ ಕಾಣಿರಿ. “ಸಾಯಬೇಕು ಅಂತ ಯಾವಾಗಲಾದರೂ ಅನಿಸುತ್ತಾ?” ಎಂದು ನೇರವಾಗಿ ಕೇಳಲು ಹಿಂಜರಿಯಬೇಡಿ. ಕೇಳಿದ್ದರಿಂದಲೇ ಆ ಯೋಚನೆ ಹುಟ್ಟುವುದಿಲ್ಲ, ಬದಲಾಗಿ ಹೊತ್ತ ಭಾರವನ್ನು ಇಳಿಸಲು ಮಗುವಿಗೆ ಜಾಗ ಸಿಗುತ್ತದೆ. ಹೌದು ಎಂಬ ಉತ್ತರ ಬಂದರೆ ಮಗುವನ್ನು ಒಂಟಿಯಾಗಿ ಬಿಡದೆ ಆ ದಿನವೇ ವೈದ್ಯಕೀಯ ನೆರವು ಪಡೆಯಿರಿ.

ಉಳಿದ ದಿನಗಳಲ್ಲಿ, ಬರೆದ ಒಪ್ಪಂದವನ್ನು ಮೂರು ತಿಂಗಳಿಗೊಮ್ಮೆ ತೆಗೆದು ಓದಿ ತಿದ್ದಿ, ಏಕೆಂದರೆ ಹದಿಮೂರರ ಮಗುವಿಗೆ ಹೊಂದಿದ್ದು ಹದಿನೈದಕ್ಕೆ ಬಿಗಿಯಾಗುತ್ತದೆ. ಕಳೆದ ಬಾರಿ ನಾವು ಕುಳಿತಾಗ ಅಕ್ಕನ ಮಗಳು ಪೆನ್ನು ತೆಗೆದುಕೊಂಡು ‘ಪೋಸ್ಟ್ ಮಾಡುವ ಮುನ್ನ ಅಮ್ಮನಿಗೆ ತೋರಿಸಬೇಕು’ ಎಂಬ ಸಾಲನ್ನು ಹೊಡೆದುಹಾಕಿದಳು. ಅದರ ಕೆಳಗೆ ‘ಪೋಸ್ಟ್ ಮಾಡಿದ ಮೇಲೆ ಒಂದು ಗಂಟೆ ಫೋನ್ ನೋಡುವುದಿಲ್ಲ’ ಎಂದು ತಾನೇ ಬರೆದು, ಹಾಳೆಯನ್ನು ಅಮ್ಮನ ಕಡೆಗೆ ತಿರುಗಿಸಿ, “ಇದು ನಿನಗೂ ಅಮ್ಮ,” ಎಂದಳು. ಅಕ್ಕ ಸಹಿ ಹಾಕಿದಳು.